ಮತೇಯ್ ಚಿಕ್ಕಜ್ಜನ ಬಟ್ಟಲು

ನಮ್ಮೂರಿನಲ್ಲಿ ಸತ್ತವರು ವರ್ಷಕ್ಕೊಮ್ಮೆ ಮಧ್ಯಾಹ್ನದ ಊಟಕ್ಕೆ ಬರುತ್ತಾರೆ, ಅವರವರ ದೇಶದಿಂದ. ನಮ್ಮ ಮನೆಗೆ ಬರುವವರೆಲ್ಲ ಕಣ್ಣು ಮುಚ್ಚಿದ್ದು ಇದೇ ಮನೆಯಲ್ಲಿ, ಅಡುಗೆಮನೆಯ ಪಕ್ಕದ ಕೋಣೆಯ ಒಂದೇ ಮಂಚದ ಮೇಲೆ. ಆದರೂ ಇಬ್ಬರು ಒಂದೇ ದೇಶದಿಂದ ಬಂದದ್ದು ನನಗೆ ಗೊತ್ತಿಲ್ಲ, ಆ ನಡುವೆ ಊರು ಎಷ್ಟೋ ಸಲ ಕೈ ಬದಲಾಗಿದೆ. ಗ್ರೆಗೋರ್ ಅಜ್ಜ ಸಾಮ್ರಾಜ್ಯದಿಂದ ಬರುತ್ತಾರೆ, ಮೀಸೆಗೆ ಮೇಣ ಹಚ್ಚಿಕೊಂಡು, ಚಕ್ರವರ್ತಿ ಕೊಟ್ಟ ಪದಕ ಹಾಕಿಕೊಂಡು. ಅವರ ತಮ್ಮ ಮತೇಯ್ ಚಿಕ್ಕಜ್ಜ ಬರುವುದು ಗಣರಾಜ್ಯದಿಂದ. ಚಕ್ರವರ್ತಿಯ ಹೆಸರು ಕೇಳಿದರೆ ಅವರಿಗೆ ಬಿಕ್ಕಳಿಕೆ ಬರುತ್ತದೆ. ನನ್ನ ಅಮ್ಮ ಹೆಲೆನಾ ಒಕ್ಕೂಟದಿಂದ ಬರುತ್ತಾಳೆ. ಕೋಟಿನ ಮೇಲೆ ಕೆಂಪು ಬಿಲ್ಲೆ ಸಿಕ್ಕಿಸಿಕೊಂಡು, ಕೂರುವ ಮೊದಲೇ ಎಲ್ಲರಿಗೂ ಒಂದೇ ಅಳತೆಯ ಚಮಚ ಇಟ್ಟಿದ್ದೇನೆಯೇ ಎಂದು ನೋಡುತ್ತಾಳೆ. ಎಲ್ಲರೂ ಆಡುವುದು ಈ ಮನೆಯದೇ ಮಾತು. ಆ ಮಾತಿಗೆ ಒಬ್ಬೊಬ್ಬರೂ ಬೇರೆ ಹೆಸರು ಹೇಳುತ್ತಾರೆ.

ಚರ್ಚಿನ ಮುಂದಿನ ವಾಲ್ನಟ್ ಮರ ಕೊನೆಯ ಎಲೆ ಉದುರಿಸಿದ ಮಾರನೆಯ ದಿನವೇ ಆ ಊಟ. ಯಾವ ದಿನ ಎಂದು ಮೊದಲೇ ಹೇಳಲಾಗುವುದಿಲ್ಲ. ಹಾಗಾಗಿ ಶರತ್ಕಾಲ ಬಂತೆಂದರೆ ಶಾಲೆಗೆ ಹೋಗುವಾಗ ಒಮ್ಮೆ, ಬರುವಾಗ ಒಮ್ಮೆ ಮರದ ಕೆಳಗೆ ನಿಂತು ಕತ್ತೆತ್ತಿ ನೋಡುವುದು ನನ್ನ ಅಭ್ಯಾಸ. ನಾನು ಹೆಣ್ಣುಮಕ್ಕಳ ಶಾಲೆಯಲ್ಲಿ ಚರಿತ್ರೆ ಕಲಿಸುತ್ತೇನೆ. ಪಠ್ಯಪುಸ್ತಕ ಬದಲಾದಾಗಲೆಲ್ಲ ಅದೇ ಯುದ್ಧವನ್ನು ನಾವು ಒಮ್ಮೆ ಗೆದ್ದಿದ್ದೇವೆ, ಒಮ್ಮೆ ಸೋತಿದ್ದೇವೆ. ಮಕ್ಕಳ ಮುಂದೆ ಮಾತನ್ನು ತೂಗಿ ತೂಗಿ ಆಡಿ, ಮನೆಗೆ ಬಂದು ಸತ್ತವರ ಮುಂದೆಯೂ ತೂಗಿ ಆಡುವುದು ನನ್ನ ಪಾಲಿಗೆ ಬಂದಿದೆ. ಊರಿನ ಹೆಸರನ್ನು ಊಟದ ಹೊತ್ತಿನಲ್ಲಿ ಎತ್ತುವಂತಿಲ್ಲ, ಅದು ಅಷ್ಟು ಸಲ ಬದಲಾಗಿದೆ. ಬೀಟ್‌ರೂಟ್ ಸಾರನ್ನೂ ಹೆಸರಿಟ್ಟು ಕರೆಯುವಂತಿಲ್ಲ. ಗ್ರೆಗೋರ್ ಅಜ್ಜನ ಪ್ರಕಾರ ಅದು ಅರಮನೆಯ ಸಾರು. ಚಿಕ್ಕಜ್ಜನ ಪ್ರಕಾರ ರೈತರ ಸಾರು. ಅಮ್ಮನ ಪ್ರಕಾರ ಕಾರ್ಖಾನೆಯ ಕ್ಯಾಂಟೀನಿನದು. ನಾನು "ಬಿಸಿಯಾಗಿದೆ, ಹಾಕಲಾ?" ಎಂದಷ್ಟೇ ಕೇಳುತ್ತೇನೆ.

ಯಾರು ಎಲ್ಲಿ ಕೂರಬೇಕು ಎಂಬುದನ್ನು ಅಮ್ಮ ಬದುಕಿದ್ದಾಗಲೇ ಗೊತ್ತುಮಾಡಿದ್ದಳು. ಸಾಮ್ರಾಜ್ಯದವರು ಕಿಟಕಿಗೆ ಮುಖ ಮಾಡಿ, ಚಕ್ರವರ್ತಿ ಕಟ್ಟಿಸಿದ ಗಡಿಯಾರದ ಗೋಪುರ ಕಾಣುವಂತೆ. ಗಣರಾಜ್ಯದವರು ಅದಕ್ಕೆ ಬೆನ್ನು ಹಾಕಿ. ಅಣ್ಣತಮ್ಮಂದಿರು ಮುಖ ನೋಡಿಕೊಳ್ಳದಂತೆ ನಡುವೆ ಒಂದು ದೊಡ್ಡ ಹೂಕುಂಡ. ಒಕ್ಕೂಟದವರು ಬಾಗಿಲ ಬಳಿ, ಬಡಿಸಲು ಏಳಲು ಅನುಕೂಲವಾಗಲಿ ಎಂದು. ಈ ಕ್ರಮದಲ್ಲಿ ಒಂದು ಚಮಚವೂ ಕೆಳಗೆ ಬೀಳದೆ ವರ್ಷಗಳು ಕಳೆದಿದ್ದವು. ನಾನು ಅದನ್ನು ಹಾಗೆಯೇ ನಡೆಸಿಕೊಂಡು ಬಂದೆ.

ಹೋದ ಶರತ್ಕಾಲದಲ್ಲಿ, ಮರದಲ್ಲಿ ಇನ್ನೂ ಒಂದು ಕೊಂಬೆಯಷ್ಟು ಎಲೆ ಇದ್ದಾಗ, ಮಗಳು ಯೂಲ್ಕಾ ನನ್ನ ಪಕ್ಕ ಕೂತು ಬೀಟ್‌ರೂಟ್ ಹೆಚ್ಚುತ್ತಿದ್ದಳು.

"ಅಮ್ಮಾ, ಈ ಸಲ ಊಟಕ್ಕೆ ಆಂದ್ರಿಶ್ ಬರ್ತಾನೆ."

"ಯಾವ ಆಂದ್ರಿಶ್?"

"ಸೇತುವೆ ಬಸ್ಸು ಓಡಿಸ್ತಾನಲ್ಲ, ಅವನು. ಊರಲ್ಲಿ ಎಷ್ಟು ಆಂದ್ರಿಶ್ ಇದಾರೆ?"

"ಅವನು ಆಚೆ ದಡದವನಲ್ವೇನೇ?"

"ಬಸ್ಸು ಎರಡೂ ದಡಕ್ಕೆ ಹೋಗುತ್ತಮ್ಮ."

ನನ್ನ ಕೈಯ ಚಾಕು ನಿಂತಿತು. ಊಟಕ್ಕೆ ಬರುವುದೆಂದರೆ ಏನೆಂದು ನಮ್ಮೂರಲ್ಲಿ ಯಾರಿಗೂ ಬಿಡಿಸಿ ಹೇಳಬೇಕಿಲ್ಲ. ಮನೆಯಲ್ಲಿ ಮದುವೆಯ ಮಾತಿದ್ದರೆ ಬರಲಿರುವ ಗಂಡನ್ನೋ ಹೆಣ್ಣನ್ನೋ ಆ ದಿನ ಸತ್ತವರ ಜೊತೆ ಕೂರಿಸಬೇಕು. ಊಟ ಮುಗಿದಾಗ ಎಲ್ಲ ಬಟ್ಟಲೂ ಬರಿದಾಗಿ, ಬಾಯಿ ಮೇಲಾಗಿ ಇದ್ದರೆ ಮದುವೆ. ಒಂದು ಬಟ್ಟಲು ಕವುಚಿದ್ದರೂ ಈ ಊರಲ್ಲಿ ಆ ಮದುವೆ ಇಲ್ಲ. ಹುಡುಗ ಹುಡುಗಿ ಬೇಕಾದರೆ ಊರು ಬಿಟ್ಟು ಹೋಗಿ ಮದುವೆಯಾಗಬಹುದು, ಯಾರೂ ತಡೆಯುವುದಿಲ್ಲ. ಆದರೆ ಹಾಗೆ ಹೋದವರು ಸತ್ತ ಮೇಲೆ ಈ ಮೇಜಿಗೆ ಬರುವುದಿಲ್ಲ. ಎಲ್ಲಿಗೆ ಹೋಗುತ್ತಾರೋ ನನಗೆ ತಿಳಿಯದು.

"ಕವುಚಿದರೆ?" ಎಂದು ಕೇಳಿದೆ.

ಯೂಲ್ಕಾ ಹೆಚ್ಚುವುದನ್ನು ನಿಲ್ಲಿಸಲಿಲ್ಲ. "ಕವುಚಿದರೆ ಆಚೆ ಹೋಗ್ತೀನಿ. ಈಗ್ಲೇ ಅಳ್ಬೇಡ, ಸಾರಿಗೆ ಉಪ್ಪು ಜಾಸ್ತಿಯಾಗುತ್ತೆ."

ನನ್ನ ಭಯ ಅವಳು ಸೇತುವೆ ದಾಟಿ ಸಂಸಾರ ಮಾಡುತ್ತಾಳೆಂಬುದಲ್ಲ. ಈಗ ಹಲವು ದೇಶಗಳು ಸೇರಿ ಒಂದು ಕೂಟ ಕಟ್ಟಿಕೊಂಡಿವೆ. ಸೇತುವೆಯ ಮೇಲೆ ಕಾವಲುಗಾರರಿಲ್ಲ, ಅವರ ಗೂಡಿನಲ್ಲಿ ಒಬ್ಬಾಕೆ ಹುರಿದ ಚೆಸ್ಟ್‌ನಟ್ ಮಾರುತ್ತಾಳೆ. ಬಸ್ಸಿನಲ್ಲಿ ಕೂತರೆ ಕೈಯ ಚೆಸ್ಟ್‌ನಟ್ ತಣ್ಣಗಾಗುವುದರೊಳಗೆ ಆಚೆ ದಡ. ನಾನು ಯೋಚಿಸಿದ್ದು ಅದರ ಮುಂದಿನದು. ಒಂದು ದಿನ ನಾನೂ ಆ ಮಂಚದ ಮೇಲೆ ಕಣ್ಣು ಮುಚ್ಚುತ್ತೇನೆ. ಆಮೇಲೆ ಪ್ರತಿ ಶರತ್ಕಾಲವೂ ಬಂದು ಈ ಮೇಜಿಗೆ ಕೂರುತ್ತೇನೆ. ನನ್ನ ಮಗಳು ಯಾವತ್ತೂ ಬಂದು ಪಕ್ಕದಲ್ಲಿ ಕೂರುವುದಿಲ್ಲವೆಂದರೆ, ಆ ಮೇಜಿನಲ್ಲಿ ನಾನು ಯಾರ ದಾರಿ ನೋಡಲಿ?

ಆಂದ್ರಿಶ್ ಮರುದಿನವೇ ಬಂದ. ಎತ್ತರದ ಹುಡುಗ, ಅಗಲ ಕಿವಿ. ಟೋಪಿಯನ್ನು ಕೈಯಲ್ಲಿ ಹಿಂಡುತ್ತ ಬಾಗಿಲಲ್ಲೇ ನಿಂತ.

"ಅತ್ತೇ, ಒಂದು ಮಾತು ಮೊದಲೇ ಹೇಳಿಬಿಡ್ತೀನಿ," ಎಂದ. ಅತ್ತೆ ಎಂದದ್ದು ಅವಸರವಾಯಿತೆಂದು ಅವನಿಗೇ ಅನಿಸಿರಬೇಕು, ಕಿವಿ ಕೆಂಪಾಯಿತು. "ನನ್ನ ಹಿಂದೆ ನಮ್ಮ ಲಾಸ್ಲೋ ಮುತ್ತಜ್ಜ ಬರ್ತಾರೆ. ನಾನು ಎಲ್ಲಿಗೆ ಊಟಕ್ಕೆ ಹೋದರೂ ಬರೋದು ಅವರೇ. ಅವರು... ಗಂಟೆ ಒಯ್ದ ದಂಡಿನಲ್ಲಿದ್ದವರು."

ನನ್ನ ಗಂಡ ಬರ್ಟೋಲ್ ಬಡಗಿ, ಮಾತು ಕಡಿಮೆ. ಮೂಲೆಯಲ್ಲಿ ಕೂತು ಕುರ್ಚಿಯ ಕಾಲು ಸರಿಮಾಡುತ್ತಿದ್ದವನು ತಲೆಯೆತ್ತಿ ಹುಡುಗನನ್ನು ನೋಡಿದ. ಆಮೇಲೆ ನನ್ನನ್ನು ನೋಡಿ, "ಮೇಜು ಉದ್ದ ಮಾಡ್ಲಾ?" ಎಂದ.

ಗಂಟೆಯ ಸಂಗತಿ ಹೇಳಬೇಕು. ಗಣರಾಜ್ಯ ಬಿದ್ದ ಚಳಿಗಾಲದಲ್ಲಿ ಆಚೆ ದಡದ ರಾಜನ ದಂಡು ಬಂದು ನಮ್ಮ ಚರ್ಚಿನ ಗಂಟೆಯನ್ನು ತೋಪು ಎರಕ ಹೊಯ್ಯಲೆಂದು ಇಳಿಸಿ ಒಯ್ದಿತು. ಮತೇಯ್ ಚಿಕ್ಕಜ್ಜ ಎದೆಗೆ ಗಣರಾಜ್ಯದ ಅಡ್ಡಪಟ್ಟಿ ಕಟ್ಟಿಕೊಂಡು, ಹಿಮದಲ್ಲಿ ಇಡೀ ದಿನ ಗೋಪುರದ ಬಾಗಿಲಿಗೆ ಅಡ್ಡ ನಿಂತರು. ಸೈನಿಕರು ಅವರನ್ನು ಹೊಡೆಯಲಿಲ್ಲ, ಬಯ್ಯಲೂ ಇಲ್ಲ. ಎತ್ತಿ ಪಕ್ಕಕ್ಕಿಟ್ಟು ಒಳಗೆ ಹೋದರು. ಚಿಕ್ಕಜ್ಜ ಮತ್ತೆ ಬಂದು ನಿಂತರು. ಮತ್ತೆ ಎತ್ತಿಟ್ಟರು. ಸಂಜೆಗೆ ಗಂಟೆ ಗಾಡಿಯಲ್ಲಿತ್ತು, ಚಿಕ್ಕಜ್ಜ ಜ್ವರದಲ್ಲಿ. ಆ ಜ್ವರ ಬಿಡಲಿಲ್ಲ. ಅಂದಿನಿಂದ ಚರ್ಚಿನ ಗೋಪುರ ಖಾಲಿ. ಮದುವೆಗೂ ಸಾವಿಗೂ ನೇತುಹಾಕಿದ ರೈಲುಕಂಬಿಯ ತುಂಡನ್ನೇ ಬಡಿಯುತ್ತೇವೆ. ಪ್ರತಿ ವರ್ಷ ಊಟಕ್ಕೆ ಬಂದಾಗ ಚಿಕ್ಕಜ್ಜನ ಮೊದಲ ಪ್ರಶ್ನೆ, "ಗಂಟೆ ಬಂತಾ?"

ಮರ ಬೋಳಾಗುವವರೆಗೆ ನನಗೆ ಸರಿಯಾಗಿ ನಿದ್ದೆಯಿಲ್ಲ. ಮೇಜಿನ ಮೇಲೆ ಬಟ್ಟಲುಗಳನ್ನಿಟ್ಟು ಸರಿಸಿ ನೋಡಿದೆ. ಆಚೆ ದಡದವರನ್ನು ಸಾಮ್ರಾಜ್ಯದ ಪಕ್ಕ ಕೂರಿಸಿದರೆ ಗ್ರೆಗೋರ್ ಅಜ್ಜನಿಗೆ ಅವಮಾನ. ಅಮ್ಮನ ಪಕ್ಕ ಕೂರಿಸಿದರೆ ಅವಳು ರಾಜರುಗಳ ಬಗ್ಗೆ ಭಾಷಣ ಶುರುಮಾಡುತ್ತಾಳೆ. ಕೊನೆಗೆ, ಬರ್ಟೋಲ್ ಹೊಸದಾಗಿ ಎರಡು ಹಲಗೆ ಸೇರಿಸಿ ಬೆಳೆಸಿದ ತುದಿಯಲ್ಲಿ, ಹೂಕುಂಡದ ಮರೆಯಲ್ಲಿ ಜಾಗ ಮಾಡಿದೆ. ಅತಿಥಿಯ ಪರಿಚಯಕ್ಕೂ ಮಾತು ಜೋಡಿಸಿಟ್ಟುಕೊಂಡೆ. 'ಆಚೆ ದಡ' ಎನ್ನುವುದು ಬೇಡ; 'ಮೇಲಿನ ಊರಿನವರು' ಎಂದರೆ ಸುಳ್ಳೂ ಅಲ್ಲ, ಹೊಳೆಯ ಮೇಲ್ಭಾಗದಲ್ಲೇ ಅವರ ಊರಿರುವುದು.

ಆ ದಿನ ಬಂತು. ಸಾರು ಕುದಿಯಿತು, ಅದರಲ್ಲಿ ಹಿಟ್ಟಿನ ಉಂಡೆಗಳು ಬೆಂದು ಮೇಲೆದ್ದವು. ಗಡಿಯಾರದ ಗೋಪುರದಲ್ಲಿ ಮುಳ್ಳುಗಳು ಹನ್ನೆರಡಕ್ಕೆ ಬರುವಾಗ ಒಂದು ಕುರ್ಚಿ ಕಡಿಮೆ ಬಿತ್ತು. ಒಲೆಯ ಬಾಯಿ ಹತ್ತಿರ ಯಾವಾಗಲೂ ಇರುವ ಗಿಡ್ಡ ಕಾಲುಮಣೆಯನ್ನು ಎಳೆದು ಹೊಸ ತುದಿಗೆ ಹಾಕಿ, ಮೇಲೆ ದಿಂಬು ಇಟ್ಟೆ.

ಗ್ರೆಗೋರ್ ಅಜ್ಜ ಬಂದು ಹಿಮ್ಮಡಿ ಕೂಡಿಸಿ ವಂದಿಸಿ ಕೂತರು. ಅಮ್ಮ ಬಂದು ಚಮಚಗಳನ್ನು ನೋಡಿದಳು. ಮತೇಯ್ ಚಿಕ್ಕಜ್ಜ ಬಂದು, "ಗಂಟೆ ಬಂತಾ?" ಎಂದರು.

"ಇನ್ನೂ ಇಲ್ಲ ಚಿಕ್ಕಜ್ಜ, ಕೂತ್ಕೊಳ್ಳಿ."

ಆಂದ್ರಿಶ್‌ನ ಹಿಂದೆ ಬಾಗಿಲಲ್ಲಿ ಬಂದವನನ್ನು ನೋಡಿ ನನ್ನ ಎದೆ ಕರಗಿತು. ಮುತ್ತಜ್ಜ ಎಂದಾಗ ಬಿಳಿಗಡ್ಡದ ಮುದುಕನನ್ನು ಎಣಿಸಿಕೊಂಡಿದ್ದೆ. ಬಂದದ್ದು ಇಪ್ಪತ್ತರ ಆಸುಪಾಸಿನ ಹುಡುಗ, ತೋಳು ಬೆರಳು ಮುಚ್ಚುವಷ್ಟು ಉದ್ದದ ಕೋಟು, ಅವೇ ಅಗಲ ಕಿವಿಗಳು. ಮುತ್ತಜ್ಜನಿಗಿಂತ ಮರಿಮಗನೇ ದೊಡ್ಡವನಾಗಿ ಕಾಣುತ್ತಿದ್ದ.

"ಇವರು ಲಾಸ್ಲೋ ಅಂತ. ಮೇಲಿನ ಊರಿನವರು," ಎಂದೆ.

ಲಾಸ್ಲೋ ತಲೆಬಾಗಿಸಿ ಮಣೆಯ ಮೇಲೆ ಕೂತ. ಗಿಡ್ಡ ಮಣೆಯಾದ್ದರಿಂದ ಹೂಕುಂಡದ ಎಲೆಗಳ ನಡುವೆ ಅವನ ಕಣ್ಣು, ಕಿವಿ ಮಾತ್ರ ಕಾಣುತ್ತಿದ್ದವು. ಅಷ್ಟರಮಟ್ಟಿಗೆ ಒಳ್ಳೆಯದೇ ಆಯಿತೆಂದುಕೊಂಡು ಬಡಿಸತೊಡಗಿದೆ. ಒಬ್ಬರ ಬಟ್ಟಲಿಗೂ ಇನ್ನೊಬ್ಬರ ಬಟ್ಟಲಿಗೂ ಒಂದು ಉಂಡೆಯ ವ್ಯತ್ಯಾಸವಾಗದಂತೆ ಬಡಿಸಿದೆ. ಮತೇಯ್ ಚಿಕ್ಕಜ್ಜನಿಗೆ ಹಾಕಲು ಬರುವಷ್ಟರಲ್ಲಿ ಲಾಸ್ಲೋ ಉಪ್ಪಿಗೆ ಕೈಚಾಚಿದ. ಕೋಟಿನ ತೋಳು ಹಿಂದೆ ಸರಿದು ಹಿತ್ತಾಳೆಯ ಗುಂಡಿ ಹೊಳೆಯಿತು. ಗುಂಡಿಯ ಮೇಲೆ ಎರಡು ಮೀನು, ಒಂದು ಕಿರೀಟ, ಆಚೆ ದಡದ ರಾಜನ ಮುದ್ರೆ.

ಚಿಕ್ಕಜ್ಜ ಆ ಗುಂಡಿಯನ್ನು ನೋಡಿದರು. ಆಮೇಲೆ ಎಲೆಗಳ ನಡುವಿನ ಕಿವಿಗಳನ್ನು ನೋಡಿದರು.

"ನೀನು ನನ್ನ ಕಾಲು ಹಿಡಿದಿದ್ದೆ," ಎಂದರು.

ಲಾಸ್ಲೋ ಚಮಚ ಕೆಳಗಿಟ್ಟ. "ಹೌದು ಅಜ್ಜ. ಇನ್ನೊಬ್ಬ ಭುಜ ಹಿಡಿದಿದ್ದ."

"ಏಳು ಸಲ ಎತ್ತಿಟ್ಟಿರಿ."

"ನೀವು ಏಳು ಸಲ ಬಂದಿರಿ."

"ಮೇಲಿನ ಊರಿನವರಂತೆ!" ಎಂದು ಚಿಕ್ಕಜ್ಜ ನನ್ನ ಕಡೆ ತಿರುಗಿದರು. "ತೆಕ್ಲಾ, ನಿನ್ನನ್ನು ಕಾಲೇಜಿಗೆ ಕಳಿಸಿದ್ದು ಇದಕ್ಕಾ? ಗಂಟೆಗಳ್ಳನನ್ನು ತಂದು ನನ್ನೆದುರು ಉಪ್ಪು ತಿನ್ನಿಸೋದಕ್ಕಾ?" ತಮ್ಮ ಖಾಲಿ ಬಟ್ಟಲನ್ನು ಎತ್ತಿ ಮೇಜಿನ ಮೇಲೆ ಬೋರಲು ಹಾಕಿದರು. ಆ ಸದ್ದಿಗೆ ಯೂಲ್ಕಾ ಕಣ್ಣು ಮುಚ್ಚಿಕೊಂಡಳು.

"ಕವುಚಬೇಡವೋ ಮತೇಯ್," ಎಂದರು ಗ್ರೆಗೋರ್ ಅಜ್ಜ ಹೂಕುಂಡದಾಚೆಯಿಂದ. "ನಮ್ಮ ಚಕ್ರವರ್ತಿ ಇದ್ದಿದ್ದರೆ ಎರಡೂ ದಡ ಒಂದೇ ಆಗಿರುತ್ತಿತ್ತು. ಕದಿಯೋದು, ಕೊಡೋದು ಅಂತಾನೇ ಇರ್ತಿರಲಿಲ್ಲ."

"ನಿನ್ನ ಚಕ್ರವರ್ತಿ ಎರಡೂ ದಡದ ಗಂಡಸರನ್ನು ಒಂದೇ ಹೊಂಡದಲ್ಲಿ ಹೂತ! ಅದೇ ನಿನ್ನ ಒಂದಾಗೋದು!" ಚಿಕ್ಕಜ್ಜನಿಗೆ ಬಿಕ್ಕಳಿಕೆ ಶುರುವಾಯಿತು.

"ಒಕ್ಕೂಟದಲ್ಲಿ ಗಂಟೆ ಎಲ್ಲರದ್ದೂ ಆಗಿತ್ತು," ಎಂದಳು ಅಮ್ಮ.

"ಇಲ್ಲದ ಗಂಟೆ ಎಲ್ಲರದ್ದೂ ಆಗೋದು ಸುಲಭ ಅತ್ತೆ," ಎಂದು ಬರ್ಟೋಲ್ ಮೆಲ್ಲಗೆ ಗೊಣಗಿದ.

ಅಜ್ಜ, ಚಿಕ್ಕಜ್ಜ, ಅಮ್ಮ ಮೂವರೂ ಒಟ್ಟಿಗೆ ಮಾತಾಡತೊಡಗಿದರು. ನಾನು ಸೌಟು ಹಿಡಿದು ನಿಂತೇ ಇದ್ದೆ. ತೂಗಿಟ್ಟುಕೊಂಡಿದ್ದ ಮಾತು ಒಂದೂ ಬಾಯಿಗೆ ಬರಲಿಲ್ಲ. ಕವುಚಿದ ಬಟ್ಟಲಿನ ತಳ ಮಾತ್ರ ಕಾಣುತ್ತಿತ್ತು. ಆಂದ್ರಿಶ್ ಮೇಜಿನ ಕೆಳಗೆ ಯೂಲ್ಕಾಳ ಕೈ ಹಿಡಿದದ್ದನ್ನು ನೋಡಿದೆ, ಅವಳು ಬಿಡಿಸಿಕೊಳ್ಳಲಿಲ್ಲ. ಹೋಗುತ್ತಾಳೆ, ನಿಜವಾಗಿಯೂ ಹೋಗುತ್ತಾಳೆ ಎಂದುಕೊಂಡೆ.

ಆಗ ಒಲೆಯ ಕಡೆಯಿಂದ ಒಂದು ದನಿ ಬಂತು.

"ನನ್ನ ಮಣೆ ಎಲ್ಲಿ?"

ಎಲ್ಲರೂ ಆ ಕಡೆ ತಿರುಗಿದರು. ಒಲೆಯ ಬಾಯಿ ಹತ್ತಿರ ಓರ್ಶಾ ಮುತ್ತಜ್ಜಿ ನಿಂತಿದ್ದಳು. ಗ್ರೆಗೋರ್, ಮತೇಯ್ ಇಬ್ಬರ ತಾಯಿ. ತೀರಿಕೊಂಡಾಗ ಅವಳಿಗೆ ಯೂಲ್ಕಾಳಿಗಿಂತ ತುಸು ಹೆಚ್ಚು ವಯಸ್ಸು. ಮತೇಯ್ ಚಿಕ್ಕಜ್ಜ ಆಗ ತೆವಳುವ ಮಗು. ತಲೆಗೆ ಬಟ್ಟೆ ಕಟ್ಟಿ, ತೋಳು ಮೇಲೇರಿಸಿಕೊಂಡ ಆ ಹೆಂಗಸು ಪ್ರತಿ ವರ್ಷ ಎಲ್ಲರಿಗಿಂತ ಕೊನೆಗೆ ಬಂದು, ಆ ಗಿಡ್ಡ ಮಣೆಯ ಮೇಲೆ ನಮಗೆ ಬೆನ್ನು ಹಾಕಿ ಕೂತು, ಒಲೆಯ ಮೇಲಿಟ್ಟ ಬಟ್ಟಲಿನಿಂದ ಉಂಡು, ಎಲ್ಲರಿಗಿಂತ ಮೊದಲು ಹೋಗುತ್ತಿದ್ದಳು. ಅವಳು ಯಾವ ದೇಶದಿಂದ ಬರುತ್ತಾಳೆಂದು ಅಮ್ಮನಿಗೆ ಗೊತ್ತಾಗಿರಲಿಲ್ಲ. ಆದ್ದರಿಂದ ಮೇಜಿನಲ್ಲಿ ಅವಳಿಗೆ ಜಾಗವೂ ಇರಲಿಲ್ಲ. ದೇಶ ದೇಶವಾಗಿ ಬಟ್ಟಲು ಸರಿಸುತ್ತ ಕೂತ ನಾನು ಅವಳನ್ನು ಪೂರಾ ಮರೆತಿದ್ದೆ. ಮರೆತು, ಅವಳ ಮಣೆಯನ್ನೇ ಕೊಂಡೊಯ್ದು ಗಂಟೆಗಳ್ಳನ ಕೆಳಗೆ ಹಾಕಿದ್ದೆ.

ಲಾಸ್ಲೋ ಧಡಕ್ಕನೆ ಎದ್ದ. "ತಗೊಳ್ಳಿ ಅಮ್ಮ, ನಿಮ್ಮದು ಅಂತ ಗೊತ್ತಿರಲಿಲ್ಲ."

"ತೆಕ್ಲಾ!" ಗ್ರೆಗೋರ್ ಅಜ್ಜ ಗುಡುಗಿದರು. "ನಮ್ಮ ಅವ್ವನ್ನ ನಿಲ್ಲಿಸಿದೀಯಾ?"

"ಅವ್ವ ನಿಂತಿದಾಳೆ!" ಎಂದು ಚಿಕ್ಕಜ್ಜನೂ ಎದ್ದರು. ಅಮ್ಮನೂ ಎದ್ದಳು. ನನಗೆ ತಿಳಿದಂತೆ ಸಾಮ್ರಾಜ್ಯ, ಗಣರಾಜ್ಯ, ಒಕ್ಕೂಟ ಮೂರೂ ಒಂದೇ ಮಾತು ಆಡಿದ್ದು ಅದೇ ಮೊದಲು, ಅದೂ ನನ್ನನ್ನು ಬಯ್ಯಲು. ಮೂವರೂ ತಮ್ಮ ತಮ್ಮ ಕುರ್ಚಿ ಎಳೆದು ಅವಳ ಕಡೆ ನೂಕಿದರು.

ಓರ್ಶಾ ಮುತ್ತಜ್ಜಿ ಹತ್ತಿರವಿದ್ದ ಕುರ್ಚಿಯಲ್ಲಿ ಕೂತಳು. ಅದು ಮತೇಯ್ ಚಿಕ್ಕಜ್ಜನದು. ಮುಂದಿದ್ದ ಬಟ್ಟಲನ್ನು ಬೆರಳಿನಿಂದ ತಟ್ಟಿ, "ಇದ್ಯಾರು ಕವುಚಿದ್ದು?" ಎಂದಳು. ಅವಳಿಗೆ ಯಾರೂ ಹೇಳಬೇಕಾಗಿರಲಿಲ್ಲ. "ಹಲ್ಲು ಹುಟ್ಟೋ ಮೊದಲಿಂದ ಇವಂದು ಇದೇ. ಬೇಡಾದ್ದು ಕೊಟ್ರೆ ಬಟ್ಟಲು ಬೋರಲು. ಏನಾಯ್ತೋ ನಿಂಗೆ?"

"ಅವ್ವ, ಇವರು ನಮ್ಮ ಗಂಟೆ ಕದ್ದರು," ಎಂದರು ಚಿಕ್ಕಜ್ಜ. ನರೆತ ತಲೆ, ಎದೆಯ ಮೇಲೆ ಅಡ್ಡಪಟ್ಟಿ, ಮಧ್ಯೆ ಬಿಕ್ಕಳಿಕೆ.

"ಯಾವ ಗಂಟೆ? ಚರ್ಚಿಂದಾ? ಆ ಒಡಕು ಗಂಟೆನಾ?" ಅವಳು ನಕ್ಕಳು. "ಅದು ನಮ್ಮದು ಅಂತ ಯಾರು ಹೇಳಿದ್ರು? ನಮ್ಮಪ್ಪ, ಗಿರಣಿಯವರು ಎಲ್ಲ ಸೇರಿ ಒಂದ್ಸಲ ಹೊಳೆ ಹೆಪ್ಪುಗಟ್ಟಿದಾಗ ಆಚೆಯಿಂದ ಜಾರುಗಾಡೀಲಿ ಎಳ್ಕೊಂಡು ಬಂದದ್ದು. ತಂದು ಬಡಿದು ನೋಡಿದ್ರೆ ತಗಡು ಬಡಿದಂಗೆ. ಅದಕ್ಕೇ ಆಚೆಯೋರು ಬೆನ್ನಟ್ಟಿ ಬರಲಿಲ್ಲ ಅಂತ ಅಪ್ಪ ಬಯ್ಕೋತಿದ್ದ."

ಗ್ರೆಗೋರ್ ಅಜ್ಜನ ಮೀಸೆ ಅಲ್ಲಾಡಿತು. ಅವರು ನಗುವುದನ್ನು ತಡೆಯುತ್ತಿದ್ದರೆಂದು ಆಮೇಲೆ ತಿಳಿಯಿತು.

"ಸುಳ್ಳು," ಎಂದರು ಚಿಕ್ಕಜ್ಜ, ಆದರೆ ದನಿ ಇಳಿದಿತ್ತು. ಹೂಕುಂಡದ ಕಡೆ ತಿರುಗದೆಯೇ ಕೇಳಿದರು, "ಎಷ್ಟು ತೋಪು ಮಾಡಿದಿರೋ ಅದರಿಂದ?"

"ಒಂದೂ ಇಲ್ಲ ಅಜ್ಜ," ಎಂದ ಲಾಸ್ಲೋ. "ನಮ್ಮೂರ ಹತ್ರ ಗಾಡಿ ಅಚ್ಚು ಮುರೀತು. ಅಲ್ಲೇ ಬೀಳಿಸಿ ಹೋದ್ವಿ."

"ಇನ್ನೂ ಅಲ್ಲೇ ಇದೆ," ಎಂದ ಆಂದ್ರಿಶ್, ಮೊದಲ ಬಾರಿಗೆ ಬಾಯಿಬಿಟ್ಟು. "ನಮ್ಮ ಹಿತ್ತಿಲಲ್ಲಿ, ಒಂದು ಪಕ್ಕಕ್ಕೆ ಮಲಗಿದೆ. ಒಳಗೆ ಕೋಳಿ ಮೊಟ್ಟೆ ಇಡ್ತವೆ. ಅದು ನಿಮ್ಮದು ಅಂತ... ಅಂದ್ರೆ ನಮ್ಮದು ಅಂತ... ಅದು ಗಂಟೆ ಅಂತ ಗೊತ್ತಿತ್ತು, ಇದೇ ಗಂಟೆ ಅಂತ ಗೊತ್ತಿರಲಿಲ್ಲ."

ಚಿಕ್ಕಜ್ಜ ಎದೆಯ ಅಡ್ಡಪಟ್ಟಿಯನ್ನು ಸರಿಮಾಡಿಕೊಂಡರು. ಯಾವುದಕ್ಕಾಗಿ ಹಿಮದಲ್ಲಿ ನಿಂತು ಸತ್ತರೋ ಅದರೊಳಗೆ ಕೋಳಿ ಕೂತಿರುವುದನ್ನು ಅವರು ಮನಸ್ಸಿನಲ್ಲಿ ನೋಡುತ್ತಿದ್ದರೆಂದು ಕಾಣುತ್ತದೆ. ನನಗೆ ಅವರ ಮೇಲೆ ತುಂಬ ಪ್ರೀತಿ ಬಂತು. ಗಂಟೆ ಒಡಕಾದರೇನು, ಏಳು ಸಲ ಬಂದು ಅಡ್ಡ ನಿಂತದ್ದು ಒಡಕಲ್ಲ ಎಂದು ಹೇಳಬೇಕೆನಿಸಿತು; ಸರಿಯಾದ ಮಾತು ಹುಡುಕುವಷ್ಟರಲ್ಲಿ ಲಾಸ್ಲೋನೇ ಹೇಳಿದ, "ಆ ದಿನ ಸಂಜೆ ನಮ್ಮ ಸಾರ್ಜೆಂಟು ನಿಮಗೆ ಸಲ್ಯೂಟ್ ಹೊಡೆದ್ರು ಅಜ್ಜ. ನೀವು ನೋಡಲಿಲ್ಲ, ಕೆಮ್ಮುತಾ ಇದ್ರಿ."

ಓರ್ಶಾ ಮುತ್ತಜ್ಜಿ ಬಟ್ಟಲನ್ನು ತಿರುಗಿಸಿ ನನ್ನ ಮುಂದೆ ಹಿಡಿದಳು. ತುಂಬ ಬಡಿಸಿದೆ. ಅವಳು ಒಂದು ಉಂಡೆಯನ್ನು ಚಮಚದಲ್ಲಿ ಅರ್ಧಮಾಡಿ, ಊದಿ, ಪಕ್ಕದಲ್ಲಿ ನಿಂತಿದ್ದ ಮಗನ ಬಾಯಿಯ ಹತ್ತಿರ ಒಯ್ದಳು.

"ಬಾಯಿ ತೆಗಿ."

"ಅವ್ವ, ಎಲ್ಲಾ ನೋಡ್ತಿದಾರೆ."

"ನೋಡ್ಲಿ. ಆರೋಗುತ್ತೆ, ತೆಗಿ."

ಗಣರಾಜ್ಯ ಬಾಯಿ ತೆರೆಯಿತು. ಬಿಕ್ಕಳಿಕೆ ನಿಂತಿತು.

ಬಟ್ಟಲು ಬರಿದಾಗುವವರೆಗೆ ಅವಳು ತಿನ್ನಿಸಿದಳು. ಒಮ್ಮೆ ಗ್ರೆಗೋರ್ ಅಜ್ಜ, "ನನಗೆ ಯಾವತ್ತೂ ಹೀಗೆ ತಿನ್ನಿಸಲಿಲ್ಲ," ಎಂದರು. "ನೀನು ಹಿರಿಯ, ನಿಂಗೆ ಕೈಯಿಲ್ವಾ?" ಎಂದಳು. ಅಮ್ಮ ತನ್ನ ಚಮಚ ಒರೆಸುತ್ತ, ಬಹುಕಾಲದಿಂದ ಕೇಳಬೇಕೆಂದಿದ್ದವಳಂತೆ, "ಅಜ್ಜೀ, ನಿಮ್ಮದು ಯಾವ ದೇಶ?" ಎಂದು ಕೇಳಿದಳು.

ಓರ್ಶಾ ಮುತ್ತಜ್ಜಿಗೆ ಪ್ರಶ್ನೆ ಅರ್ಥವಾಗಲಿಲ್ಲ. "ನಾನು ಗಿರಣಿ ಕೆಳಗಿನೋಳು," ಎಂದಳು. ಸ್ವಲ್ಪ ಯೋಚಿಸಿ, "ಮದುವೆ ಆದ್ಮೇಲೆ ಇಲ್ಲಿಯೋಳು," ಎಂದಳು. ಆಮೇಲೆ ಹೊಸ ತುದಿಯತ್ತ ನೋಡಿ ಲಾಸ್ಲೋನನ್ನು ಗದರಿದಳು. "ನೀನ್ಯಾಕೋ ನಿಂತಿದೀಯ? ಕೂತ್ಕೋ. ಮಣೆ ಇಟ್ಕೋ. ನಂಗೆ ಒಲೆ ಮುಂದೆ ಮುಖ ಕಾಯೋದು ಸಾಕಾಯ್ತು."

ಅವರೆಲ್ಲ ಹೋದ ಮೇಲೆ ಬಟ್ಟಲುಗಳನ್ನು ನೋಡಿದೆ. ಎಲ್ಲವೂ ಬರಿದು, ಎಲ್ಲವೂ ಬಾಯಿ ಮೇಲಾಗಿ. ನಂಬಿಕೆ ಸಾಲದೆ ಮೇಜಿನ ಸುತ್ತ ಇನ್ನೊಮ್ಮೆ ಬಂದು ಒಂದೊಂದನ್ನೂ ಮುಟ್ಟಿ ನೋಡಿದೆ. ಚಿಕ್ಕಜ್ಜನ ಬಟ್ಟಲನ್ನು ಅವರೇ ಉಂಡದ್ದೋ ತಾಯಿ ಉಣಿಸಿದ್ದೋ ಎಂದು ಯಾರಾದರೂ ತಕರಾರು ತೆಗೆದರೆ ಏನು ಹೇಳಬೇಕೆಂದೂ ಮಾತು ಜೋಡಿಸಿದೆ. ಯಾರೂ ತೆಗೆಯಲಿಲ್ಲ. ಯೂಲ್ಕಾ ನನ್ನ ಕೈಯಿಂದ ಬಟ್ಟಲು ಕಿತ್ತುಕೊಂಡು, "ಸಾಕಮ್ಮ, ತೊಳೀಬೇಕು," ಎಂದಳು. ಅವಳ ಕಣ್ಣು ಒದ್ದೆಯಾಗಿತ್ತು. ಆಂದ್ರಿಶ್ ಒರೆಸಲು ಬಟ್ಟೆ ಹಿಡಿದು ನಿಂತ.

ಮದುವೆಗೆ ರೈಲುಕಂಬಿಯನ್ನೇ ಬಡಿದೆವು. ಗಂಟೆಯನ್ನು ತರೋಣವೇ ಎಂದು ಆಂದ್ರಿಶ್ ಕೇಳಿದ್ದ. ಕೋಳಿ ಕಾವಿಗೆ ಕೂತಿದೆ ಎಂದು ಅವನ ತಾಯಿ ಒಪ್ಪಲಿಲ್ಲ. ಮುಂದಿನ ಊಟದಲ್ಲಿ ಚಿಕ್ಕಜ್ಜ ಕೇಳಿದಾಗ ಅದನ್ನೇ ಹೇಳಬೇಕು.

ಬರ್ಟೋಲ್ ಮೇಜಿಗೆ ಸೇರಿಸಿದ್ದ ಹಲಗೆಗಳನ್ನು ಬಿಚ್ಚುತ್ತಾನೆಂದು ಕಾದೆ. ಬಿಚ್ಚಲಿಲ್ಲ. ಅವು ಒರಟಾಗಿವೆ, ತೋಳಿಗೆ ಸಿಬಿರು ಹತ್ತುತ್ತದೆ ಎಂದೆ. ಒಂದು ಭಾನುವಾರ ಮಧ್ಯಾಹ್ನ ಉಜ್ಜುಗೊರಡು ತಂದು ನಯಮಾಡತೊಡಗಿದ. ನಡುವೆ ನಿಲ್ಲಿಸಿ, "ಕೂತು ನೋಡು, ಎತ್ತರ ಸರಿಯಾಗಿದೆಯಾ," ಎಂದ. ಸಿಪ್ಪೆಗಳನ್ನು ಒರೆಸಿ ಆ ತುದಿಯಲ್ಲಿ ಕೂತೆ. ಕೆಳಗೆ ಇಳಿಸಿದ್ದ ಹೂಕುಂಡ ಅಡ್ಡ ಬರಲಿಲ್ಲ. ಕಿಟಕಿ, ಬಾಗಿಲು, ಒಲೆ ಎಲ್ಲವೂ ಎದುರಿಗಿದ್ದವು. ಪಕ್ಕದಲ್ಲಿ ಇನ್ನೊಂದು ಕುರ್ಚಿ ಹಿಡಿಸುವಷ್ಟು ಜಾಗವಿತ್ತು.

"ಸರಿಯಾಗಿದೆ," ಎಂದೆ. "ಇದು ನನಗಿರಲಿ. ಆಮೇಲಕ್ಕೆ."

ಬರ್ಟೋಲ್ ಪಕ್ಕದ ಖಾಲಿ ಜಾಗವನ್ನೂ ಉಜ್ಜತೊಡಗಿದ. ನಾನು ಎದ್ದೇಳದೆ ಕೂತಿದ್ದೆ. ಅಲ್ಲಿಂದ ಎಲ್ಲರ ಬಟ್ಟಲೂ ಕಾಣುವಂತಿತ್ತು.